ಕಲೆಯ ಚರಿತ್ರೆಯಲ್ಲಿ ಮರೆಯಾದ ಚಿತ್ರಕಾರ್ತಿಯರು

ಒಂದು ಕೃತಿಯ ಕರ್ತೃ ಯಾರು ಎಂಬ ಪ್ರಶ್ನೆ ಮೇಲುನೋಟಕ್ಕೆ ಪಂಡಿತರ ಕಾಲಕ್ಷೇಪದಂತೆ ತೋರಬಹುದು. ಕೃತಿ ಚೆನ್ನಾಗಿದ್ದರೆ ಸಾಲದೆ, ಬರೆದವರ ಹೆಸರು ಕಟ್ಟಿಕೊಂಡು ಏನಾಗಬೇಕು ಎನ್ನುವವರೂ ಉಂಟು. ಆದರೆ ವಚನಗಳನ್ನು ಓದುವ ಅಭ್ಯಾಸವಿರುವವರು ಹಾಗೆ ಹೇಳಲಾರರು. ಅಂಕಿತವೆಂಬ ಒಂದೆರಡು ಪದಗಳು ಹಸ್ತಪ್ರತಿಯಲ್ಲಿ ಬಿಟ್ಟುಹೋದರೆ ಅಥವಾ ಪಲ್ಲಟವಾದರೆ ಒಬ್ಬರ ಅನುಭವವು ಇನ್ನೊಬ್ಬರ ಲೆಕ್ಕಕ್ಕೆ ಸಂದುಹೋಗುತ್ತದೆಂಬುದು ಅವರಿಗೆ ತಿಳಿದ ಸಂಗತಿ. ಪಾಶ್ಚಾತ್ಯ ಚಿತ್ರಕಲೆಯ ಚರಿತ್ರೆಯಲ್ಲಿ ಇಂಥ ಪಲ್ಲಟವು ಅನೇಕ ಸಲ ನಡೆದಿದೆ. ಅದು ನಡೆದಾಗಲೆಲ್ಲ ನಷ್ಟಕ್ಕೆ ಗುರಿಯಾದವರು ಬಹುಮಟ್ಟಿಗೆ ಸ್ತ್ರೀಯರೇ ಎಂಬುದು ಆಲೋಚಿಸತಕ್ಕ ವಿಷಯ.

ಇಪ್ಪತ್ತನೆಯ ಶತಮಾನದಲ್ಲಿ ಅತ್ಯಂತ ಹೆಚ್ಚು ಓದುಗರನ್ನು ಪಡೆದ ಎರಡು ಕಲಾಚರಿತ್ರೆಗಳನ್ನು ತೆಗೆದುಕೊಳ್ಳೋಣ. 1950ರಲ್ಲಿ ಪ್ರಕಟವಾದ ಗೊಂಬ್ರಿಚ್ ಅವರ ಗ್ರಂಥದ ಮೊದಲ ಆವೃತ್ತಿಯಲ್ಲಿ ಒಬ್ಬಳಾದರೂ ಚಿತ್ರಕಾರ್ತಿಯಿಲ್ಲ. 1962ರಲ್ಲಿ ಹೊರಬಂದ ಜಾನ್ಸನ್ ಅವರ ಬೃಹದ್ಗ್ರಂಥದ ಮೊದಲ ಆವೃತ್ತಿಯಲ್ಲಿಯೂ ಇಲ್ಲ. ಗುಹಾಚಿತ್ರಗಳ ಕಾಲದಿಂದ ತಮ್ಮ ಕಾಲದವರೆಗೆ ಸಾವಿರಾರು ವರ್ಷಗಳ ಕಥೆಯನ್ನು ಹೇಳಿದ ಈ ವಿದ್ವಾಂಸರಿಗೆ ಹೆಸರಿಸಲು ಒಬ್ಬ ಸ್ತ್ರೀಯೂ ದೊರೆಯಲಿಲ್ಲ. ಇದನ್ನು ಓದಿದ ವಿದ್ಯಾರ್ಥಿಯು, ಸ್ತ್ರೀಯರು ಚಿತ್ರ ಬರೆಯಲೇ ಇಲ್ಲವೆಂದೋ, ಬರೆದದ್ದು ಉಲ್ಲೇಖಕ್ಕೆ ಅರ್ಹವಲ್ಲವೆಂದೋ ತಿಳಿದರೆ ತಪ್ಪು ಅವನದಲ್ಲ.

ಆದರೆ ಪ್ರಾಚೀನರು ಹೀಗೆ ಮೌನವಾಗಿರಲಿಲ್ಲ. ಕ್ರಿ. ಶ. ಒಂದನೆಯ ಶತಮಾನದ ರೋಮನ್ ಲೇಖಕ ಪ್ಲಿನಿಯು ತನ್ನ ವಿಶ್ವಕೋಶಸದೃಶವಾದ ಗ್ರಂಥದಲ್ಲಿ ಹಲವು ಚಿತ್ರಕಾರ್ತಿಯರನ್ನು ಹೆಸರಿಸಿದ್ದಾನೆ. ಅವರಲ್ಲಿ ಸೈಜಿಕಸ್ ಪಟ್ಟಣದ ಇಆಯಾ ಎಂಬವಳ ಭಾವಚಿತ್ರಗಳಿಗೆ ಅವಳ ಕಾಲದ ಪ್ರಸಿದ್ಧ ಪುರುಷ ಚಿತ್ರಕಾರರ ಕೃತಿಗಳಿಗಿಂತ ಹೆಚ್ಚಿನ ಬೆಲೆ ದೊರೆಯುತ್ತಿತ್ತೆಂದು ಆತ ಬರೆದಿದ್ದಾನೆ. 1550ರಲ್ಲಿ ಇಟಲಿಯ ವಸಾರಿಯು ಕಲಾವಿದರ ಜೀವನಚರಿತ್ರೆಗಳನ್ನು ಪ್ರಕಟಿಸಿದಾಗ ಬೊಲೋನ್ಯದ ಶಿಲ್ಪಿ ಪ್ರೊಪರ್ಜಿಯಾ ದೆ ರೊಸ್ಸಿಗೆ ಅದರಲ್ಲಿ ಸ್ಥಾನವಿತ್ತು. ಅಂದರೆ, ಈ ವಿಸ್ಮೃತಿಯು ಅನಾದಿಯಾದುದಲ್ಲ, ನಡುವೆ ಉಂಟಾದದ್ದು. ಅದು ಹೇಗೆ ಉಂಟಾಯಿತೆಂಬುದನ್ನು ಒಂದೇ ನಿದರ್ಶನದ ಮೂಲಕ ತಿಳಿಯುವುದು ಲೇಸು.

ಹಾಲೆಂಡಿನ ಹಾರ್ಲೆಮ್ ಪಟ್ಟಣದಲ್ಲಿ 1609ರಲ್ಲಿ ಜೂಡಿತ್ ಲೈಸ್ಟರ್ ಎಂಬ ಹೆಣ್ಣುಮಗು ಜನಿಸಿತು. ಅವಳದು ಚಿತ್ರಕಾರರ ಮನೆತನವಲ್ಲ. ಅಂದಿನ ಚಿತ್ರಕಾರ್ತಿಯರಲ್ಲಿ ಬಹುಮಂದಿ ತಂದೆಯ ಕಲಾಶಾಲೆಯಲ್ಲಿಯೇ ಕಲಿತವರು. ಬೇರೆಡೆ ಕಲಿಯುವ ದಾರಿ ಅವರಿಗಿರಲಿಲ್ಲ. ಜೂಡಿತಳ ತಂದೆಯಾದರೋ ಬಿಯರ್ ತಯಾರಿಸುವ ಉದ್ಯಮ ನಡೆಸುತ್ತಿದ್ದವನು. ಆ ಉದ್ಯಮಾಲಯದ ಹೆಸರೇ ಕುಟುಂಬದ ಹೆಸರಾಯಿತು. ಡಚ್ ಭಾಷೆಯಲ್ಲಿ ಆ ಶಬ್ದಕ್ಕೆ ನಾವಿಕರಿಗೆ ದಾರಿ ತೋರುವ ನಕ್ಷತ್ರವೆಂಬ ಅರ್ಥ. ತಂದೆ ದಿವಾಳಿಯಾದನು. ಮಗಳು ಮಾತ್ರ ಹತ್ತೊಂಬತ್ತು ವರ್ಷ ತುಂಬುವ ಹೊತ್ತಿಗೆ, 1628ರಲ್ಲಿ ಅಚ್ಚಾದ ಹಾರ್ಲೆಮ್ ನಗರವರ್ಣನೆಯಲ್ಲಿ ಪ್ರಶಂಸೆಗೆ ಪಾತ್ರಳಾಗುವಷ್ಟು ಬೆಳೆದಿದ್ದಳು.

1633ರಲ್ಲಿ ಅವಳು ಆ ಊರಿನ ಚಿತ್ರಕಾರರ ಶ್ರೇಣಿಯ ಸದಸ್ಯಳಾದಳು. ಶ್ರೇಣಿಯೆಂದರೆ ಒಂದು ವೃತ್ತಿಯವರ ಸಂಘ. ಅದರ ಸದಸ್ಯತ್ವವಿಲ್ಲದೆ ಸ್ವಂತ ಕಲಾಶಾಲೆಯನ್ನು ನಡೆಸುವುದಾಗಲಿ, ಶಿಷ್ಯರನ್ನು ಇರಿಸಿಕೊಳ್ಳುವುದಾಗಲಿ ಸಾಧ್ಯವಿರಲಿಲ್ಲ. ಅವಳಿಗೆ ಪುರುಷ ಶಿಷ್ಯರೇ ಇದ್ದರು. 1635ರಲ್ಲಿ ಅವರಲ್ಲೊಬ್ಬನು ಅವಳನ್ನು ಬಿಟ್ಟು ಅದೇ ಊರಿನ ಹಿರಿಯ ಚಿತ್ರಕಾರ ಫ್ರಾನ್ಸ್ ಹಾಲ್ಸನ ಬಳಿಗೆ ಹೋದಾಗ, ಅವಳು ಶ್ರೇಣಿಯ ಮುಂದೆ ದೂರು ಕೊಟ್ಟು ತನಗೆ ಬರಬೇಕಾದ ಶುಲ್ಕದಲ್ಲಿ ಒಂದು ಭಾಗವನ್ನು ಪಡೆದಳು. ಶಿಷ್ಯನ ಹೆಸರನ್ನು ದಾಖಲು ಮಾಡಿಸಿರಲಿಲ್ಲವೆಂದು ಅವಳೂ ದಂಡ ತೆರಬೇಕಾಯಿತು. ಈ ವ್ಯಾಜ್ಯವು ಚಿಕ್ಕದೇ ಆದರೂ ಒಂದು ಮಾತನ್ನು ಸ್ಪಷ್ಟಪಡಿಸುತ್ತದೆ: ತನ್ನ ಕಾಲದಲ್ಲಿ ಜೂಡಿತಳು ಹಾಲ್ಸನ ನೆರಳಾಗಿರಲಿಲ್ಲ, ನ್ಯಾಯ ಕೇಳಬಲ್ಲ ಸಮಾನವೃತ್ತಿಯವಳಾಗಿದ್ದಳು.

ಅವಳ ಚಿತ್ರಗಳು ಎಂಥವು? 1631ರ ಒಂದು ಸಣ್ಣ ಚಿತ್ರವು ಇಂದು ಹೇಗ್ ನಗರದ ಮೌರಿತ್ಸ್‌ಹೌಸ್ ಸಂಗ್ರಹಾಲಯದಲ್ಲಿದೆ. ದೀಪದ ಬೆಳಕಿನಲ್ಲಿ ಹೆಂಗಸೊಬ್ಬಳು ತಲೆ ಬಗ್ಗಿಸಿ ಹೊಲಿಗೆಯಲ್ಲಿ ತೊಡಗಿದ್ದಾಳೆ. ಅವಳ ಮೇಲೆ ಬಾಗಿದ ಗಂಡಸು ಒಂದು ಕೈಯನ್ನು ಅವಳ ಭುಜದ ಮೇಲಿಟ್ಟು ಇನ್ನೊಂದು ಅಂಗೈಯಲ್ಲಿ ನಾಣ್ಯಗಳನ್ನು ಚಾಚಿದ್ದಾನೆ. ಇಂಥ ವಸ್ತುವನ್ನು ಅಂದಿನ ಡಚ್ ಚಿತ್ರಕಾರರು ಸಾಮಾನ್ಯವಾಗಿ ವಿನೋದದ ಪ್ರಸಂಗವಾಗಿ, ನಗುವ ವಿಲಾಸಿನಿಯೊಡನೆ ಬರೆಯುತ್ತಿದ್ದರು. ಜೂಡಿತಳ ಚಿತ್ರದಲ್ಲಿ ಹೆಂಗಸು ನಗುವುದಿಲ್ಲ, ತಲೆಯೆತ್ತುವುದೂ ಇಲ್ಲ. ಅವಳ ಸೂಜಿ ನಡೆಯುತ್ತಲೇ ಇದೆ. ಆ ಬಗ್ಗಿದ ಮುಖದಲ್ಲಿರುವ ಸಂಕೋಚವೂ ದೃಢತೆಯೂ ನೋಡುವವರಿಗೆ ತಿಳಿಯುವುದರಿಂದ, ಹಾಸ್ಯದ ವಸ್ತುವು ಗಂಭೀರವಾಗಿಬಿಡುತ್ತದೆ. ಚಿತ್ರವನ್ನು ಹೆಣ್ಣು ಬರೆದಳೋ ಗಂಡು ಬರೆದನೋ ಎಂಬುದು ಇಲ್ಲಿ ಅಪ್ರಸ್ತುತವೆನ್ನಲು ಮನಸ್ಸು ಒಪ್ಪುವುದಿಲ್ಲ.

ಇನ್ನೊಂದು, ಸುಮಾರು 1630ರಲ್ಲಿ ಅವಳು ಬರೆದ ಸ್ವಂತ ಭಾವಚಿತ್ರ. ಇದು ವಾಷಿಂಗ್ಟನ್ನಿನ ರಾಷ್ಟ್ರೀಯ ಕಲಾಸಂಗ್ರಹದಲ್ಲಿದೆ. ಕುರ್ಚಿಗೆ ಒರಗಿ, ಕುಂಚ ಹಿಡಿದ ಕೈಯನ್ನು ಅರೆಗಳಿಗೆ ತಡೆದು, ಬಂದವರನ್ನು ಮಾತನಾಡಿಸುವವಳಂತೆ ಅವಳು ನಮ್ಮತ್ತ ತಿರುಗಿದ್ದಾಳೆ. ಅವಳ ಮುಂದಿನ ಪಟದಲ್ಲಿ ನಗುವ ಪಿಟೀಲುಗಾರನೊಬ್ಬನಿದ್ದಾನೆ. ಕಣ್ಣಿಗೆ ಕಾಣದ ಕಿರಣಗಳ ನೆರವಿನಿಂದ ಪರೀಕ್ಷಿಸಿದಾಗ, ಆ ಪಿಟೀಲುಗಾರನ ಕೆಳಗೆ ಮೊದಲು ಸ್ತ್ರೀಮುಖವೊಂದಿದ್ದುದು ಕಂಡುಬಂದಿದೆ. ಈ ಚಿತ್ರವೂ ಬಹುಕಾಲ ಹಾಲ್ಸನ ಹೆಸರಿನಲ್ಲಿಯೇ ಇತ್ತು. ಸ್ತ್ರೀಯೊಬ್ಬಳು ಕುಂಚ ಹಿಡಿದು ತನ್ನನ್ನೇ ತೋರಿಸಿಕೊಂಡ ಚಿತ್ರವನ್ನೂ ಲೋಕವು ಪುರುಷನ ಕೈಯ ಕೆಲಸವೆಂದು ನಂಬಿತು!

1636ರಲ್ಲಿ ಅವಳು ಯಾನ್ ಮೋಲೆನಾರ್ ಎಂಬ ಚಿತ್ರಕಾರನನ್ನು ವಿವಾಹವಾದಳು. ದಂಪತಿಗಳು ಆಮ್‌ಸ್ಟರ್‌ಡಾಮಿಗೆ ಹೋದರು, ಐವರು ಮಕ್ಕಳಾದರು. ಮಕ್ಕಳ ಪೋಷಣೆ, ಮನೆವಾರ್ತೆ, ಪತಿಯ ವ್ಯವಹಾರಗಳ ನಡುವೆ ಅವಳ ಹೆಸರಿನ ಚಿತ್ರಗಳು ವಿರಳವಾದವು. 1643ರ ಒಂದು ಟ್ಯೂಲಿಪ್ ಹೂವಿನ ಚಿತ್ರ, 1654ರ ಒಂದು ಪುಷ್ಪಚಿತ್ರ ಮೊದಲಾದ ಕೆಲವು ಮಾತ್ರ ನಮಗೆ ತಿಳಿದಿವೆ. 1660ರಲ್ಲಿ ಅವಳು ತೀರಿಕೊಂಡಳು. ಪತಿಯ ಮರಣಾನಂತರ ತಯಾರಾದ ಆಸ್ತಿಯ ಪಟ್ಟಿಯಲ್ಲಿ ಹಲವು ಚಿತ್ರಗಳ ಮುಂದೆ ಅವು ‘ಮೃತನ ಹೆಂಡತಿ’ಯವೆಂದು ನಮೂದಿಸಲಾಗಿತ್ತು. ಶ್ರೇಣಿಯ ಪುಸ್ತಕದಲ್ಲಿ ಸ್ವಂತ ಹೆಸರಿದ್ದವಳಿಗೆ ಇಲ್ಲಿ ಸಂಬಂಧವಾಚಕವೊಂದೇ ಉಳಿಯಿತು. ವಿಸ್ಮೃತಿಯ ಮೊದಲ ಹೆಜ್ಜೆ ಇದೇ.

ಎರಡನೆಯ ಹೆಜ್ಜೆಯನ್ನು ಇಟ್ಟದ್ದು ಮಾರುಕಟ್ಟೆ. ಫ್ರಾನ್ಸ್ ಹಾಲ್ಸನೂ ಕೆಲಕಾಲ ಮರೆತುಹೋಗಿದ್ದವನೇ. ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಅವನ ಕೀರ್ತಿ ಪುನಃ ಉಜ್ವಲವಾಯಿತು. 1865ರಲ್ಲಿ ಅವನ ಒಂದು ಭಾವಚಿತ್ರವು ಪ್ಯಾರಿಸಿನ ಹರಾಜಿನಲ್ಲಿ 51,000 ಫ್ರಾಂಕುಗಳಿಗೆ ಮಾರಾಟವಾಯಿತು. ಇದಾದ ಮೇಲೆ ಹಾಲ್ಸನ ಶೈಲಿಯನ್ನು ಹೋಲುವ ಯಾವ ಚಿತ್ರವೇ ಆಗಲಿ ಹಾಲ್ಸನದೇ ಆಗಬೇಕೆಂದು ವರ್ತಕರು ಬಯಸಿದುದು ಸಹಜ. ಜೂಡಿತಳು ತನ್ನ ಚಿತ್ರಗಳಿಗೆ ಹೆಸರಿನ ಎರಡು ಅಕ್ಷರಗಳನ್ನು ಹೆಣೆದು, ಅದಕ್ಕೆ ಒಂದು ನಕ್ಷತ್ರವನ್ನು ಸೇರಿಸಿ ಅಂಕಿತ ಹಾಕುತ್ತಿದ್ದಳು. ಮನೆತನದ ಹೆಸರಿನ ಅರ್ಥವೇ ಅವಳ ಅಂಕಿತ. ಆ ನಕ್ಷತ್ರವನ್ನು ಓದಬಲ್ಲವರು ಉಳಿದಿರಲಿಲ್ಲ. ಕಂಡರೂ ಅದನ್ನು ಮರೆಮಾಚಿ ಹಾಲ್ಸನ ಹೆಸರನ್ನು ಬರೆದದ್ದೂ ಉಂಟು.

ಲಂಡನ್ನಿನಲ್ಲಿ ಹಾಲ್ಸನದೆಂದು ಮಾರಾಟವಾಗಿದ್ದ ಒಂದು ಚಿತ್ರದಲ್ಲಿ ಈ ಅಂಕಿತವು ಪತ್ತೆಯಾದಾಗ ಕೊಂಡವನು ನ್ಯಾಯಾಲಯಕ್ಕೆ ಹೋದನು. 1893ರಲ್ಲಿ ವ್ಯಾಜ್ಯವು ರಾಜಿಯಲ್ಲಿ ಮುಗಿಯಿತು. ಚಿತ್ರವು ಕೊಂಡವನಲ್ಲಿಯೇ ಉಳಿಯಿತು; ಬೆಲೆ ಮಾತ್ರ ಇಳಿಯಿತು. ಇಲ್ಲಿ ಸ್ವಲ್ಪ ನಿಂತು ಆಲೋಚಿಸಬೇಕು. ಚಿತ್ರದ ಒಂದು ರೇಖೆಯೂ ಬದಲಾಗಿರಲಿಲ್ಲ. ಅದೇ ಬಣ್ಣ, ಅದೇ ಬೆಳಕು, ಅದೇ ನಗುವ ಮುಖ. ನಿನ್ನೆ ಅದನ್ನು ಮಹಾಚಿತ್ರಕಾರನ ಕೃತಿಯೆಂದು ಮೆಚ್ಚಿದ ಕಣ್ಣುಗಳೇ ಇಂದು ಮೋಸಹೋದೆವೆಂದು ಕೊರಗಿದವು. ಹಾಗಾದರೆ ಅವು ಮೆಚ್ಚಿದ್ದು ಚಿತ್ರವನ್ನೋ, ಹೆಸರನ್ನೋ?

ಅದೇ 1893ರಲ್ಲಿ ಹಾಫ್‌ಸ್ಟೆಡೆ ದೆ ಗ್ರೋಟ್ ಎಂಬ ಡಚ್ ವಿದ್ವಾಂಸನು ನಕ್ಷತ್ರದ ಅಂಕಿತವನ್ನು ಆಧಾರವಾಗಿಟ್ಟುಕೊಂಡು ಏಳು ಚಿತ್ರಗಳು ಜೂಡಿತಳವೆಂದು ಲೇಖನ ಪ್ರಕಟಿಸಿದನು. ಎರಡು ಶತಮಾನಗಳಿಗೂ ಮೀರಿದ ಮೌನವು ಹೀಗೆ ಮುರಿಯಿತು. ಮುಂದೆ 1989ರಲ್ಲಿ ಫ್ರೀಮಾ ಫಾಕ್ಸ್ ಹಾಫ್‌ರಿಕ್ಟರ್ ಅವರ ಸಮಗ್ರ ಅಧ್ಯಯನವೂ, 1993ರಲ್ಲಿ ಹಾರ್ಲೆಮ್ ಮತ್ತು ಅಮೆರಿಕದ ವೂಸ್ಟರ್ ನಗರಗಳಲ್ಲಿ ಅವಳ ಚಿತ್ರಗಳ ಪ್ರದರ್ಶನವೂ ಆದವು.

ಇದು ಒಬ್ಬಳ ಕಥೆಯಷ್ಟೇ ಅಲ್ಲ. ಸ್ಪೇನಿನ ಆಸ್ಥಾನದಲ್ಲಿದ್ದ ಇಟಲಿಯ ಸೊಫೊನಿಸ್ಬಾ ಅಂಗ್ವಿಸ್ಸೋಲ ಬರೆದ ದೊರೆ ಎರಡನೆಯ ಫಿಲಿಪನ ಭಾವಚಿತ್ರವು ಬಹುಕಾಲ ಬೇರೆ ಆಸ್ಥಾನ ಚಿತ್ರಕಾರರ ಹೆಸರಿನಲ್ಲಿತ್ತು. ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಸಂಗ್ರಹಾಲಯಕ್ಕೆ 1917ರಲ್ಲಿ ಫ್ರಾನ್ಸಿನ ಪ್ರಸಿದ್ಧ ಚಿತ್ರಕಾರ ದಾವೀದನದೆಂದು ಬಂದ ತರುಣಿಯ ಚಿತ್ರವೊಂದು ಅವನದಲ್ಲವೆಂದು 1951ರಲ್ಲಿ ಚಾರ್ಲ್ಸ್ ಸ್ಟರ್ಲಿಂಗ್ ತೋರಿಸಿಕೊಟ್ಟನು. ಇಂದು ಅದನ್ನು ಮಾರಿ ದೆನೀಸ್ ವಿಲ್ಲೇರ್ ಎಂಬ ಚಿತ್ರಕಾರ್ತಿಯ ಕೃತಿಯೆಂದು ಒಪ್ಪಲಾಗಿದೆ. ವಿಚಿತ್ರವೇನೆಂದರೆ, ಬರೆದವಳು ಸ್ತ್ರೀಯಿರಬಹುದೆಂಬ ಸಂದೇಹ ಬಂದ ಕೂಡಲೇ ಆ ಚಿತ್ರದಲ್ಲಿ ಮುಚ್ಚಿಟ್ಟ ದೌರ್ಬಲ್ಯಗಳೂ ಸ್ತ್ರೀಸಹಜವಾದ ಚಾತುರ್ಯವೂ ವಿದ್ವಾಂಸನ ಕಣ್ಣಿಗೆ ಗೋಚರಿಸತೊಡಗಿದವು.

ಇನ್ನು ಮೂಲಪ್ರಶ್ನೆಗೆ ಬರೋಣ. ಮರೆತವರನ್ನು ಹುಡುಕಿ ತೆಗೆದರೂ, ಸ್ತ್ರೀಯರ ಸಂಖ್ಯೆ ಪುರುಷರಿಗಿಂತ ಕಡಿಮೆಯಲ್ಲವೇ ಎಂದು ಯಾರಾದರೂ ಕೇಳಬಹುದು. ಹೌದು, ಕಡಿಮೆಯೇ. ಅಮೆರಿಕದ ವಿದುಷಿ ಲಿಂಡಾ ನಾಕ್ಲಿನ್ 1971ರಲ್ಲಿ ಪ್ರಕಟಿಸಿದ ಪ್ರಸಿದ್ಧ ಪ್ರಬಂಧದಲ್ಲಿ ಈ ಆಕ್ಷೇಪವನ್ನೇ ಎತ್ತಿಕೊಂಡರು. ಮಹತ್ತ್ವವೆಂಬುದು ಜನ್ಮತಃ ಬರುವ ಮಾಯಾಶಕ್ತಿಯಲ್ಲ; ಅದು ಶಿಕ್ಷಣ, ಅಭ್ಯಾಸ, ಆಶ್ರಯ, ಸಂಸ್ಥೆಗಳಿಂದ ಸಿದ್ಧವಾಗುವಂಥದು ಎಂಬುದು ಅವರ ವಾದದ ತಿರುಳು. ಯೂರೋಪಿನಲ್ಲಿ ಬಹುಕಾಲ ಪುರಾಣ ಮತ್ತು ಇತಿಹಾಸದ ಮಹಾಚಿತ್ರಗಳೇ ಶ್ರೇಷ್ಠವೆನಿಸಿದ್ದವು. ಅವನ್ನು ಬರೆಯಲು ಮಾನವ ಶರೀರವನ್ನು ಎದುರಿಗಿಟ್ಟುಕೊಂಡು ಅಭ್ಯಾಸ ಮಾಡುವುದು ಅಗತ್ಯ. ಆ ಅಭ್ಯಾಸದ ಕೊಠಡಿಯ ಬಾಗಿಲೇ ಸ್ತ್ರೀಯರಿಗೆ ಮುಚ್ಚಿತ್ತು. ಛಂದಸ್ಸನ್ನು ಕಲಿಸದೆ, ನೀನು ಮಹಾಕಾವ್ಯ ಬರೆಯಲಿಲ್ಲವೆಂದು ಮೂದಲಿಸಿದಂತಾಯಿತು.

ಲಂಡನ್ನಿನ ರಾಯಲ್ ಅಕಾಡೆಮಿ ಇದಕ್ಕೆ ಸಾಕ್ಷಿ. 1768ರಲ್ಲಿ ಅದನ್ನು ಸ್ಥಾಪಿಸಿದ ಸದಸ್ಯರಲ್ಲಿ ಆಂಜೆಲಿಕಾ ಕೌಫ್‌ಮನ್ ಮತ್ತು ಮೇರಿ ಮೋಸರ್ ಎಂಬ ಇಬ್ಬರು ಸ್ತ್ರೀಯರಿದ್ದರು. ಕೆಲವು ವರ್ಷಗಳ ನಂತರ ಜೊಫಾನಿ ಎಂಬ ಚಿತ್ರಕಾರನು ಸದಸ್ಯರ ಸಮೂಹಚಿತ್ರವನ್ನು ಬರೆದನು. ಅದರಲ್ಲಿ ಪುರುಷರೆಲ್ಲ ನಗ್ನ ಮಾದರಿಯ ಸುತ್ತ ನೆರೆದಿದ್ದಾರೆ. ಇಬ್ಬರು ಸ್ತ್ರೀಯರಿಗೆ ಅಲ್ಲಿ ನಿಲ್ಲುವ ಅವಕಾಶವಿಲ್ಲ. ಗೋಡೆಯ ಮೇಲೆ ತೂಗುಹಾಕಿದ ಭಾವಚಿತ್ರಗಳಾಗಿ ಮಾತ್ರ ಅವರು ಕಾಣಿಸಿಕೊಳ್ಳುತ್ತಾರೆ. ಅವರ ನಂತರ ಪೂರ್ಣ ಸದಸ್ಯತ್ವವು ಮತ್ತೊಬ್ಬ ಸ್ತ್ರೀಗೆ, ಲಾರಾ ನೈಟ್ ಅವರಿಗೆ, ದೊರೆತದ್ದು 1936ರಲ್ಲಿ. ಆ ಸಂಸ್ಥೆಯ ಶಾಲೆಯಲ್ಲಿ ಸ್ತ್ರೀಯರಿಗೆ ಮಾನವ ಶರೀರದ ಅಭ್ಯಾಸಕ್ಕೆ, ಅದೂ ಭಾಗಶಃ ವಸ್ತ್ರಧರಿಸಿದ ಮಾದರಿಯೊಡನೆ, ಅವಕಾಶ ಬಂದದ್ದು 1893ರಲ್ಲಿ. ಜೂಡಿತಳ ನಕ್ಷತ್ರವು ಮತ್ತೆ ಕಾಣಿಸಿಕೊಂಡ ವರ್ಷವೂ ಅದೇ ಎಂಬುದನ್ನು ಓದುಗರು ಗಮನಿಸಬಹುದು.

ಹೀಗೆ ನೋಡಿದರೆ ಕಾರಣಗಳು ಮೂರು ಬಗೆಯಾಗಿ ತೋರುತ್ತವೆ. ಮೊದಲನೆಯದು, ಕಲಿಯುವ ಬಾಗಿಲು ಮುಚ್ಚಿದ್ದುದು. ಎರಡನೆಯದು, ಕಲಿತು ಬರೆದವಳ ಹೆಸರು ತಂದೆ, ಪತಿ, ಗುರುಗಳ ಹೆಸರಿನಲ್ಲಿ ಲೀನವಾದದ್ದು. ಮೂರನೆಯದು, ಉಳಿದ ಕೃತಿಗಳನ್ನೂ ಹೆಚ್ಚಿನ ಬೆಲೆಯ ಹೆಸರಿಗೆ ವರ್ಗಾಯಿಸಿದ್ದು. ಮೊದಲನೆಯದರಿಂದ ಆದ ನಷ್ಟವನ್ನು ಯಾರೂ ತುಂಬಿಕೊಡಲಾರರು. ಬರೆಯದೆ ಹೋದ ಚಿತ್ರಗಳು ಯಾವ ನೆಲಮಾಳಿಗೆಯಲ್ಲಿಯೂ ಸಿಗುವುದಿಲ್ಲ. ಉಳಿದ ಎರಡನ್ನು ತಿದ್ದುವುದು ಸಾಧ್ಯ. ಅದು ವಿದ್ವಾಂಸರ ಕರ್ತವ್ಯ.

ಇಲ್ಲಿ ಒಂದು ಎಚ್ಚರಿಕೆಯ ಮಾತನ್ನೂ ಹೇಳಬೇಕು. ಸ್ತ್ರೀ ಬರೆದಳೆಂಬ ಕಾರಣಕ್ಕೆ ಸಾಮಾನ್ಯ ಚಿತ್ರವು ಶ್ರೇಷ್ಠವಾಗುವುದಿಲ್ಲ. ದಯೆಯಿಂದ ಕೊಟ್ಟ ಸ್ಥಾನವು ಸ್ಥಾನವೇ ಅಲ್ಲ. ಜೂಡಿತಳು ದಯೆಯನ್ನು ಬೇಡಿದವಳಲ್ಲ. ಶ್ರೇಣಿಯ ಮುಂದೆ ನಿಂತು ತನಗೆ ಸಲ್ಲಬೇಕಾದ ಶುಲ್ಕವನ್ನು ಕೇಳಿದವಳು. ಅವಳ ಪರವಾಗಿ ನಾವು ಕೇಳಬೇಕಾದದ್ದೂ ಅಷ್ಟೇ: ಸಲ್ಲಬೇಕಾದದ್ದು ಸಲ್ಲಲಿ.

2021ರ ಮಾರ್ಚ್ 8ರಂದು ಆಮ್‌ಸ್ಟರ್‌ಡಾಮಿನ ರೈಕ್ಸ್ ಸಂಗ್ರಹಾಲಯವು ತನ್ನ ಗೌರವದ ಸಭಾಂಗಣದಲ್ಲಿ ಮೊದಲ ಬಾರಿಗೆ ಮೂವರು ಚಿತ್ರಕಾರ್ತಿಯರ ಕೃತಿಗಳನ್ನು ಇರಿಸಿತು. ಅವುಗಳಲ್ಲೊಂದು ಜೂಡಿತಳು ಬರೆದ ವಾದಕನ ಚಿತ್ರ. ಅವಳು ಗತಿಸಿ ಅಷ್ಟುಹೊತ್ತಿಗೆ 361 ವರ್ಷಗಳಾಗಿದ್ದವು. ನಕ್ಷತ್ರವು ಎಂದೂ ನಂದಿರಲಿಲ್ಲ. ನೋಡುವವರು ತಲೆಯೆತ್ತಿರಲಿಲ್ಲ, ಅಷ್ಟೆ.