ಕುದುರೆಗೆ ಎಷ್ಟು ದಾರಿ?

ಕೊಪ್ಪದ ಕಡೆ ಆಷಾಢದ ಮಳೆ ಹಿಡಿಯಿತೆಂದರೆ ಮಕ್ಕಳಿಗೆ ಜಗಲಿಯೇ ಗತಿ. ಅಂಥದೊಂದು ಮಧ್ಯಾಹ್ನ ಅಣ್ಣನ ಮಗಳಿಗೆ ಚದುರಂಗ ಹೇಳಿಕೊಡಲು ಕೂತೆ. ಒಂದು ಕಾಲಾಳು ಕಳೆದುಹೋಗಿತ್ತು. ಅದರ ಜಾಗದಲ್ಲಿ ಅಡಿಕೆ ಇಟ್ಟೆವು.

64 ಮನೆ, 32 ಕಾಯಿ. ಆನೆ ನೇರಕ್ಕೆ ನಡೆಯುತ್ತದೆ. ಖಾಲಿ ಮಣೆಯ ಎಲ್ಲೇ ನಿಲ್ಲಿಸಿ, ಅದಕ್ಕೆ ಸಿಗುವುದು ಸರಿಯಾಗಿ 14 ಮನೆ. ಒಂಟೆಯದು ಓರೆ ನಡೆ: ಅಂಚಿನಲ್ಲಿದ್ದರೆ 7, ನಟ್ಟನಡುವೆ 13. ಕಪ್ಪು ಮನೆಯಲ್ಲಿ ಹೊರಟ ಒಂಟೆ ಸಾಯುವ ತನಕ ಬಿಳಿ ಮನೆ ತುಳಿಯುವುದಿಲ್ಲ. ಮಂತ್ರಿಗೆ ಈ ಇಬ್ಬರ ಬಲವೂ ಉಂಟು, 27ರವರೆಗೆ. ರಾಜನಿಗೆ ಸುತ್ತಲಿನ 8 ಮನೆ, ಅಷ್ಟೆ. ಕಾಲಾಳು ಮೊದಲ ಸಲ ಬೇಕಾದರೆ ಎರಡು ಮನೆ, ಆಮೇಲೆ ಒಂದೊಂದೇ. ಹೊಡೆಯುವುದು ಓರೆಗೆ, ಹಿಂದಕ್ಕೆ ಬರುವುದೇ ಇಲ್ಲ. ಆದರೆ ಎದುರು ಅಂಚು ಮುಟ್ಟಿದರೆ ಮಂತ್ರಿಯೇ ಆಗಬಹುದು.

"ಅಡಿಕೆಯೂ ಆಗುತ್ತಾ ಚಿಕ್ಕಪ್ಪ?"

"ಆಗುತ್ತೆ ಪುಟ್ಟಿ."

ಕುದುರೆಯ ಮಾತು ಆಮೇಲೆ, ಮುಖ್ಯ ನಿಯಮ ಇಷ್ಟೇ. ಮೊದಲ ನಡೆಗೆ ಕಾಲಾಳುಗಳಿಂದ 16, ಕುದುರೆಗಳಿಂದ 4, ಒಟ್ಟು 20 ದಾರಿ. ಎದುರಾಳಿಯೂ ಒಮ್ಮೆ ನಡೆಸಿದರೆ 400. ಇಬ್ಬರೂ ಎರಡೆರಡು ಸಲ ನಡೆಸುವಷ್ಟರಲ್ಲಿ 1,97,281. ಮೂರು ಮೂರು ಸಲಕ್ಕೆ 11,90,60,324. ಪೂರ್ತಿ ಆಟಗಳು ಎಷ್ಟಿದ್ದಾವು ಎಂದು 1950ರಲ್ಲಿ ಗಣಿತಜ್ಞ ಕ್ಲಾಡ್ ಶ್ಯಾನನ್ ಅಂದಾಜು ಹಾಕಿದರು: 1ರ ಮುಂದೆ 120 ಸೊನ್ನೆ. ಕಾಣುವ ವಿಶ್ವದ ಪರಮಾಣುಗಳಿಗೆ ಸುಮಾರು 80 ಸೊನ್ನೆ ಸಾಕು.

ನನ್ನನ್ನು ಹಿಡಿದು ನಿಲ್ಲಿಸುವುದು ಮಾತ್ರ ಕುದುರೆ. ನೇರಕ್ಕೆ ಎರಡು ಮನೆ, ಪಕ್ಕಕ್ಕೆ ಒಂದು. ನಡುವೆ ಯಾರಿದ್ದರೂ ಹಾರುತ್ತದೆ. ಒಂದು ಮನೆಯನ್ನೂ ಎರಡನೇ ಸಲ ತುಳಿಯದೆ 64 ಮನೆಯನ್ನೂ ಅದರಿಂದ ಸುತ್ತಿಸಬಹುದೇ? ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಈ ಹುಚ್ಚು ಬಹಳ. ಕುದುರೆ ನಡೆಯ ಬಂಧಗಳನ್ನು ಅವರೇ ರಚಿಸುತ್ತಿದ್ದರು.

ಹೊರಟ ಮನೆಗೇ ಮರಳುವ ಸುತ್ತುಗಳನ್ನಷ್ಟೇ ಎಣಿಸಿದರೂ, ಹೋಗುವ ದಿಕ್ಕನ್ನು ಬೇರೆಯಾಗಿ ಲೆಕ್ಕ ಹಿಡಿಯದೆ, 13 ಲಕ್ಷ ಕೋಟಿಗೂ ಹೆಚ್ಚು: 1,32,67,36,44,10,532. ಸೆಕೆಂಡಿಗೊಂದರಂತೆ ನೋಡುತ್ತ ಹೋದರೆ ಸುಮಾರು 4,20,000 ವರ್ಷ. ಶೃಂಗೇರಿಯ ವಿದ್ಯಾಶಂಕರ ದೇವಾಲಯ 14ನೇ ಶತಮಾನದ್ದು. ಅದು ಎದ್ದ ದಿನ ಯಾರಾದರೂ ನೋಡಲು ಕೂತು, ನಿದ್ದೆಗೂ ಏಳದೆ ಇವತ್ತಿನವರೆಗೆ ನೋಡಿದ್ದರೂ ಸಾವಿರದಲ್ಲಿ ಎರಡು ಪಾಲು ಮುಗಿದಿರುತ್ತಿರಲಿಲ್ಲ.

ಪುಟ್ಟಿ ಮಣೆ ಖಾಲಿ ಮಾಡಿ ಕುದುರೆಯನ್ನು ಮೂಲೆಗಿಟ್ಟಳು. ಅಲ್ಲಿಂದ ಎರಡೇ ದಾರಿ. ತುಳಿದ ಮನೆಗೊಂದು ಭತ್ತದ ಕಾಳು ಇಡುತ್ತ ಹೋದಳು. 51ನೇ ಮನೆಯಲ್ಲಿ ಕುದುರೆ ಸಿಕ್ಕಿಬಿತ್ತು. ಕಾಳುಗಳನ್ನೆಲ್ಲ ಅಂಗೈಗೆ ಬಳಿದುಕೊಂಡು, ಈ ಸಲ ಇನ್ನೊಂದು ದಾರಿ ಹಿಡಿದಳು.