‘ಮೃಗೀಯ’ ಎಂಬ ಮಾತು

(ಆಕಾಶವಾಣಿ ಭಾಷಣದ ಬರಹರೂಪ)

ದಿನಪತ್ರಿಕೆ ಓದುವವರಿಗೆ ‘ಮೃಗೀಯ’ ಎಂಬ ವಿಶೇಷಣ ಹೊಸದಲ್ಲ. ಮೃಗೀಯ ವರ್ತನೆ, ಮೃಗೀಯ ಹಲ್ಲೆ, ಮೃಗೀಯ ಕೃತ್ಯ ಎಂದು ಅದು ಯಾವುದಾದರೊಂದು ಕೆಟ್ಟ ಸುದ್ದಿಯ ಜೊತೆಗೇ ಬರುತ್ತದೆ. ಅದರ ದಾಯಾದಿ ‘ಪಾಶವೀ’. ಪಾಶವೀ ಬಲ, ಪಾಶವೀ ಕೃತ್ಯ ಎಂದರೂ ಅರ್ಥ ಹೆಚ್ಚುಕಡಿಮೆ ಅದೇ. ನಮ್ಮ ಉತ್ತರ ಕನ್ನಡ ಜಿಲ್ಲೆ 1862ರಿಂದ ರಾಜ್ಯಗಳ ಪುನರ್ವಿಂಗಡಣೆಯಾದ 1956ರವರೆಗೆ ಮುಂಬಯಿ ಕಡೆಗೆ ಸೇರಿತ್ತು. ಆದುದರಿಂದ ನಮ್ಮ ಹಿರಿಯರಲ್ಲಿ ಅನೇಕರು ಮರಾಠಿಯನ್ನೂ ಬಲ್ಲವರಾಗಿದ್ದರು. ಮರಾಠಿಯಲ್ಲಿ ‘ಪಾಶವೀ’ ಇಂದಿಗೂ ಬಳಕೆಯಲ್ಲಿರುವ ಮಾತು. ಬಾಲ್ಯದಲ್ಲಿ ಹಿರಿಯರ ಬಾಯಿಂದ ನಾನು ಕೇಳಿದ್ದು ಅದನ್ನೇ. ‘ಮೃಗೀಯ’ವನ್ನು ಕಲಿತದ್ದು ಪತ್ರಿಕೆಗಳಿಂದ.

ಕಲಿತ ಮೇಲೆ ಬಳಸದೆ ಇರಲಾದೀತೆ? 1993ರಲ್ಲಿ ಭಟ್ಕಳದಲ್ಲಿ ತಿಂಗಳುಗಟ್ಟಲೆ ಗಲಭೆ ನಡೆಯಿತು. ಜೀವಗಳು ಹೋದವು, ಮನೆ ಅಂಗಡಿಗಳಿಗೆ ಬೆಂಕಿ ಬಿತ್ತು. ಹೊನ್ನಾವರದಿಂದ ಭಟ್ಕಳಕ್ಕೆ ಸುಮಾರು 40 ಕಿಲೋಮೀಟರ್. ನನ್ನ ವಿದ್ಯಾರ್ಥಿಗಳಲ್ಲಿ ಎರಡೂ ಸಮುದಾಯದವರಿದ್ದರು. ತರಗತಿಯಲ್ಲಿ ಅರ್ಧ ಬೆಂಚುಗಳು ಖಾಲಿಯಾಗಿದ್ದವು. ತಡೆಯಲಾರದೆ ಒಂದು ಪತ್ರಿಕೆಯ ವಾಚಕರ ವಿಭಾಗಕ್ಕೆ ಬರೆದೆ. ಬೆಂಕಿ ಹಚ್ಚಿದವರು ಯಾರೇ ಆಗಲಿ, ಅವರದು ಮೃಗೀಯ ಕೃತ್ಯ ಎಂದು ಖಂಡಿಸಿದೆ. ಪತ್ರ ಅಚ್ಚಾಯಿತು. ನಾಲ್ಕು ಜನ ಮೆಚ್ಚಿದರು. ನಾನೂ ಮೆಚ್ಚಿಕೊಂಡೆ ಎನ್ನಬೇಕು.

ನಮ್ಮ ಮನೆಗೆ ಹಾಲು ಕೊಡುತ್ತಿದ್ದ ಹಿರಿಯರೊಬ್ಬರಿದ್ದರು. ಮೂರು ಹಸು, ಒಂದು ಎಮ್ಮೆ ಕಟ್ಟಿಕೊಂಡು ಬದುಕಿದವರು, ಅಕ್ಷರ ಬಲ್ಲವರು. ಆ ದಿನ ಹಾಲಿನ ತಂಬಿಗೆಯನ್ನು ಜಗಲಿಯ ಮೇಲಿಟ್ಟು ಸುಮ್ಮನೆ ನಿಂತರು. “ಮಾಸ್ತರೇ, ನೀವು ಬರೆದದ್ದು ಓದಿದೆ. ಒಂದು ಕೇಳುದು. ಬೆಂಕಿ ಹಚ್ಚುದು ಯಾವ ಪ್ರಾಣಿ? ನಾ ಕಂಡ ಪ್ರಾಣಿಯೆಲ್ಲ ಬೆಂಕಿ ಕಂಡ್ರೆ ಓಡುದು.” ಅಷ್ಟು ಹೇಳಿ ತಂಬಿಗೆ ಖಾಲಿ ಮಾಡಿಸಿಕೊಂಡು ಹೊರಟರು. ಅವರ ಮಾತಿನಲ್ಲಿ ಕೊಂಕಿರಲಿಲ್ಲ. ನಿಜವಾಗಿ ಉತ್ತರ ಬೇಕಾಗಿತ್ತು. ಕನ್ನಡ ಎಂ.ಎ. ಮಾಡಿದವನ ಬಳಿ ಉತ್ತರವಿರಲಿಲ್ಲ. ಅಂದಿನಿಂದ ಈ ಮಾತಿನ ಬೆನ್ನು ಹತ್ತಿದ್ದೇನೆ.

ಮೊದಲು ವ್ಯಾಕರಣದ ಮಾತು. ‘ಈಯ’ ಎಂಬುದು ಸಂಬಂಧವನ್ನು ಸೂಚಿಸುವ ಸಂಸ್ಕೃತ ಪ್ರತ್ಯಯ. ಭಾರತಕ್ಕೆ ಸಂಬಂಧಿಸಿದ್ದು ಭಾರತೀಯ, ರಾಷ್ಟ್ರಕ್ಕೆ ಸಂಬಂಧಿಸಿದ್ದು ರಾಷ್ಟ್ರೀಯ. ಈ ಲೆಕ್ಕದಲ್ಲಿ ಮೃಗಕ್ಕೆ ಸಂಬಂಧಿಸಿದ್ದು ಮೃಗೀಯ. ಅಲ್ಲಿ ಹೋಲಿಕೆಯೂ ಇಲ್ಲ, ನಿಂದೆಯೂ ಇಲ್ಲ. ಜಿಂಕೆ ಹುಲ್ಲು ಮೇಯುವುದು ಮೃಗೀಯ, ಹುಲಿ ತನ್ನ ಮರಿಯನ್ನು ನೆಕ್ಕುವುದು ಮೃಗೀಯ. ಹಾಗೆಯೇ ಮಾನವನಿಗೆ ಸಂಬಂಧಿಸಿದ್ದೆಲ್ಲ ಮಾನವೀಯ. ಪ್ರತ್ಯಯದ ಮಟ್ಟಿಗೆ ಹೇಳುವುದಾದರೆ ಅಂಗಡಿಗೆ ಬೆಂಕಿ ಹಚ್ಚುವುದು ಅಪ್ಪಟ ಮಾನವೀಯ ಕೃತ್ಯ! ಆದರೆ ರೂಢಿ ಬೇರೆ ದಾರಿ ಹಿಡಿಯಿತು. ನಮ್ಮಲ್ಲಿರುವ ದಯೆ, ಕರುಣೆಗಳನ್ನು ‘ಮಾನವೀಯ’ದ ಪೆಟ್ಟಿಗೆಗೆ ತುಂಬಿದೆವು, ಉಳಿದುದನ್ನು ‘ಮೃಗೀಯ’ ಎಂದು ಕಾಡಿನ ಕಡೆಗೆ ದೂಡಿದೆವು. ಒಂದೇ ಪ್ರತ್ಯಯ ಹೊತ್ತ ಎರಡು ಮಾತುಗಳ ನಡುವೆ ಇಂಥ ಪಕ್ಷಪಾತ!

‘ಮೃಗ’ದ ಕಥೆ ಇನ್ನೂ ಸ್ವಾರಸ್ಯವಾಗಿದೆ. ವೇದದ ಕಾಲದಲ್ಲಿ ಅದು ಕಾಡುಪ್ರಾಣಿಗಳಿಗೆಲ್ಲ ಸಲ್ಲುತ್ತಿದ್ದ ಹೆಸರು; ಋಗ್ವೇದದಲ್ಲಿ ಆನೆ ಕೈಯುಳ್ಳ ಮೃಗ. ಸಿಂಹ ಮೃಗರಾಜನಾದದ್ದು, ಕೋತಿ ಶಾಖಾಮೃಗವಾದದ್ದು ಈ ಅರ್ಥದಿಂದಲೇ. ಬರಬರುತ್ತ ಅರ್ಥ ಕಿರಿದಾಗಿ ಮೃಗವೆಂದರೆ ಜಿಂಕೆಯಾಯಿತು. ಮೃಗಶಿರಾ ನಕ್ಷತ್ರವೆಂದರೆ ಜಿಂಕೆಯ ತಲೆ. ಜೂನ್ ಮೊದಲ ವಾರ ಕಳೆದು ಮೃಗಶಿರಾ ಮಳೆ ಕೂಡಿತೆಂದರೆ ನಮ್ಮ ಕರಾವಳಿಯ ರೈತನಿಗೆ ಬೇರೆ ಪಂಚಾಂಗ ಬೇಡ. ಕಾವ್ಯಗಳಲ್ಲಿ ನಾಯಿಕೆ ಮೃಗನಯನೆ. ಈಗ ನೋಡಿ, ‘ಮೃಗನಯನೆ’ ಎಂದರೆ ಹೊಗಳಿಕೆ, ‘ಮೃಗೀಯ ನೋಟ’ ಎಂದರೆ ಪೊಲೀಸರಿಗೆ ದೂರು ಕೊಡಬೇಕಾದ ವಿಷಯ. ಕಣ್ಣು ಅದೇ, ಮೃಗವೂ ಅದೇ.

ಸಂಪ್ರದಾಯದ ವೈಯಾಕರಣರು ‘ಮೃಗ’ವನ್ನು ಹುಡುಕು, ಅರಸು ಎಂಬರ್ಥದ ಧಾತುವಿನಿಂದ ಸಾಧಿಸುತ್ತಾರೆ. ಬೇಟೆಗೆ ಮೃಗಯೆ ಎಂಬ ಹೆಸರಿದೆ. ಹಾಗಾದರೆ ಮೃಗವೆಂದರೆ ಬೇಟೆಗಾರ ಅರಸಿಕೊಂಡು ಹೋಗುವ ಜೀವ, ಅಟ್ಟಿಸಿಕೊಳ್ಳುವ ಜೀವ. ಕುಮಟಾ ತಾಲ್ಲೂಕಿನ ಹನೇಹಳ್ಳಿಯವರಾದ ಯಶವಂತ ಚಿತ್ತಾಲರು 1979ರಲ್ಲಿ ‘ಶಿಕಾರಿ’ ಕಾದಂಬರಿಯನ್ನು ಪ್ರಕಟಿಸಿದರು. ಅದರ ನಾಯಕ ನಾಗಪ್ಪ ಮುಂಬಯಿಯ ಕಂಪನಿಯೊಂದರ ದೊಡ್ಡ ಹುದ್ದೆಯಲ್ಲಿರುವವನು. ಅವನನ್ನು ಬೆನ್ನಟ್ಟುವವರು ಸೂಟು ಧರಿಸಿ ನಯವಾಗಿ ಮಾತನಾಡುವ ಮನುಷ್ಯರು. ಧಾತ್ವರ್ಥವನ್ನೇ ಹಿಡಿದರೆ ಅಲ್ಲಿ ಮೃಗ ಯಾರು? ನಾಗಪ್ಪನೇ. ಹಾಗೆ ನೋಡಿದರೆ 1993ರಲ್ಲಿ ಮೃಗಗಳಾದವರು ಮನೆ ಕಳೆದುಕೊಂಡು ಓಡಿದವರು, ಬೆಂಕಿ ಹಚ್ಚಿದವರಲ್ಲ. ನನ್ನ ವಿಶೇಷಣ ಹೊಡೆಸಿಕೊಂಡವರ ಹೆಸರನ್ನು ಕಿತ್ತು ಹೊಡೆದವರ ಹಣೆಗೆ ಅಂಟಿಸಿತ್ತು. ಹಾಲಿನವರ ಪ್ರಶ್ನೆಯ ಪೂರ್ತಿ ಭಾರ ನನಗೆ ತಿಳಿದದ್ದು ‘ಶಿಕಾರಿ’ಯನ್ನು ಎರಡನೆಯ ಸಲ ಓದಿದಾಗ.

‘ಪಶು’ವಿನ ಪಾಡೂ ಇದೇ. ಅದನ್ನು ಕಟ್ಟು ಎಂಬರ್ಥದ ಧಾತುವಿಗೆ, ‘ಪಾಶ’ ಎಂಬ ಮಾತಿಗೆ ಹೊಂದಿಸುವುದು ರೂಢಿ. ಪಶುವೆಂದರೆ ಹಗ್ಗದಲ್ಲಿ ಕಟ್ಟಿದ್ದು. ಶೈವರಿಗೆ ಜೀವನೇ ಪಶು, ಶಿವ ಪಶುಪತಿ. ಅಷ್ಟು ದೊಡ್ಡ ಅರ್ಥವಿದ್ದ ಮಾತನ್ನು ನಾವು ಅತ್ಯಾಚಾರದ ಸುದ್ದಿಗೆ ಮೀಸಲಾಗಿಟ್ಟೆವು.

ಶಿವನ ಮಾತು ಬಂದುದರಿಂದ ಗೋಕರ್ಣವನ್ನು ನೆನೆಯದೆ ಮುಂದೆ ಹೋಗಲಾಗದು. ರಾವಣ ತಂದ ಆತ್ಮಲಿಂಗವನ್ನು ದನಗಾಹಿ ಹುಡುಗನ ವೇಷದ ಗಣಪತಿ ನೆಲಕ್ಕಿಟ್ಟ. ರಾವಣ ಕಿತ್ತೆಳೆಯಲು ಹೋದಾಗ ಅದು ತಿರುಚಿಕೊಂಡು ಹಸುವಿನ ಕಿವಿಯ ಆಕಾರ ತಾಳಿತು ಎಂಬ ಕಥೆಯನ್ನು ಇಲ್ಲಿಯ ಮಕ್ಕಳೆಲ್ಲ ಬಲ್ಲರು. ಆ ಕಥೆಯ ಒಂದು ತುದಿ ಕುಮಟಾ ತಾಲ್ಲೂಕಿನ ಗೋಕರ್ಣ, ಇನ್ನೊಂದು ಭಟ್ಕಳ ತಾಲ್ಲೂಕಿನ ಮುರುಡೇಶ್ವರ; ನಡುವೆ ಹೊನ್ನಾವರ ತಾಲ್ಲೂಕಿನ ಇಡಗುಂಜಿಯಲ್ಲಿ ಆನೆಮೊಗದವನು ನಿಂತಿದ್ದಾನೆ. ಮೂರು ತಾಲ್ಲೂಕಿನ ದೇವರುಗಳನ್ನು ಹೊಲಿದ ಈ ಕಥೆಯಲ್ಲಿ ಹಸುವಿನ ಕಿವಿಯೂ ಆನೆಯ ಮುಖವೂ ಪೂಜ್ಯ. ಹಟ ಹಿಡಿದು ಎಳೆದವನಾದರೋ ವೇದ ಓದಿದ, ವೀಣೆ ಬಲ್ಲ ಪಂಡಿತ.

ಪ್ರಾಣಿಗೆ ಹೋಲಿಸುವುದೇ ತಪ್ಪೆಂದು ನನ್ನ ಅಭಿಪ್ರಾಯವಲ್ಲ. ಹೋಲಿಸದೆ ಭಾಷೆ ನಡೆಯುವುದಿಲ್ಲ. ಆದರೆ ಒಳ್ಳೆಯ ಹೋಲಿಕೆ ಒಂದು ಪ್ರಾಣಿಯ ಒಂದು ಗುಣವನ್ನು ಕಣ್ಣಾರೆ ಕಂಡು ಹುಟ್ಟಿರುತ್ತದೆ. ಹಿಂದಕ್ಕೆ ತಿರುಗಿ ನೋಡುತ್ತ ಸಾಗುವ ಸಿಂಹವನ್ನು ಕಂಡವನು ‘ಸಿಂಹಾವಲೋಕನ’ ಎಂದ. ಸದ್ದಾದರೆ ಥಟ್ಟನೆ ಏಳುವ ನಿದ್ದೆಗೆ ‘ಕೋಳಿನಿದ್ದೆ’ ಎಂದರು. ಮಳೆಗಾಲದಲ್ಲಿ ಏಳುವ ಅಣಬೆ ನಾಯಿಕೊಡೆ, ಹೊಳೆಯುವುದಾದರೂ ಬೆಲೆಯಿಲ್ಲದ ಅಭ್ರಕ ಕಾಗೆಬಂಗಾರ. ಕುಮಟಾದ ಬಳಿ ಅಘನಾಶಿನಿಯ ಉಪ್ಪುನೀರು ಏರಿಳಿಯುವ ಗಜನಿ ಗದ್ದೆಗಳಲ್ಲಿ ಬೆಳ್ಳಕ್ಕಿ ಒಂಟಿಗಾಲಿನಲ್ಲಿ ನಿಂತದ್ದನ್ನು ನೋಡಿದವರಿಗೆ ‘ಬಕಧ್ಯಾನ’ವನ್ನು ಬಿಡಿಸಿ ಹೇಳಬೇಕಾಗಿಲ್ಲ. ಕೌತುಕವೆಂದರೆ, ವಿದ್ಯಾರ್ಥಿಯ ಲಕ್ಷಣ ಹೇಳುವ ಸುಭಾಷಿತದಲ್ಲಿ ಬಕಧ್ಯಾನ ಏಕಾಗ್ರತೆ. ನಮ್ಮ ನಿತ್ಯದ ಮಾತಿನಲ್ಲಿ ಅದು ಕಪಟ. ಕೊಕ್ಕರೆ ಮಾತ್ರ ಎರಡು ಕಡೆಯೂ ಮೀನನ್ನೇ ನೋಡುತ್ತಿದೆ.

ಬೈಗುಳದಲ್ಲಿಯೂ ಈ ಖಚಿತತೆ ಉಂಟು. ಬಯಲಾಟದ ರಂಗಸ್ಥಳದಲ್ಲಿ ಭೀಮನ ವೇಷಧಾರಿ ಕೌರವನನ್ನು ‘ಕುನ್ನಿ’ ಎಂದು ಜರೆದರೆ ಸಭೆ ತಲೆದೂಗುತ್ತದೆ. ಕುಮಾರವ್ಯಾಸನಿಗೂ ಪ್ರಿಯವಾದ ಮಾತದು. ಬೆಳಗಿನ ಜಾವ ಆಟ ಮುಗಿದು ಮನೆಗೆ ಬಂದರೆ ಅಂಗಳದಲ್ಲಿ ಬಾಲವಾಡಿಸುತ್ತ ಎದುರುಗೊಳ್ಳುವುದೂ ಕುನ್ನಿಯೇ. ಎರಡಕ್ಕೂ ಗೊಂದಲವಿಲ್ಲ.

ಪಾಣಿನಿ ಇದನ್ನು ಚೆನ್ನಾಗಿ ಬಲ್ಲವನಾಗಿದ್ದ. ‘ಪುರುಷವ್ಯಾಘ್ರ’ದಂಥ ಸಮಾಸಕ್ಕೆ ಅವನು ಒಂದು ಕಟ್ಟಳೆ ವಿಧಿಸಿದ್ದಾನೆ: ಎರಡಕ್ಕೂ ಸಮಾನವಾದ ಗುಣವನ್ನು ಬಾಯಿಬಿಟ್ಟು ಹೇಳದೆ ಇದ್ದಾಗ ಮಾತ್ರ ಈ ಸಮಾಸ. ಹುಲಿಯ ಯಾವ ಗುಣ ಎಂಬುದನ್ನು ಕೇಳುವವನೇ ತಿಳಿಯಬೇಕು, ತಿಳಿಯಬಲ್ಲ ಎಂಬ ನಂಬಿಕೆ ಅದು. ‘ಮೃಗೀಯ’ದಲ್ಲಿಯೂ ಗುಣವನ್ನು ಹೇಳಿಲ್ಲ. ಆದರೆ ಪ್ರಾಣಿ ಯಾವುದೆಂದೇ ಗೊತ್ತಿಲ್ಲದ ಮೇಲೆ ಗುಣವನ್ನು ಊಹಿಸುವುದು ಹೇಗೆ?

ಕನ್ನಡಕ್ಕೆ ತನ್ನದೇ ಆದ ಉಪಾಯಗಳಿವೆ. ‘ಎಮ್ಮೆಯಂತೆ ಮಲಗಿದ’ ಎಂದರೆ ಆ ಒಂದು ಹೊತ್ತಿನ ಮಲಗುವಿಕೆಗೆ ಮಾತ್ರ ಹೋಲಿಕೆ. ಎದ್ದ ಮೇಲೆ ಅವನು ಚುರುಕಾಗಿರಬಹುದು. ‘ಎಮ್ಮೆಯಂಥವನು’ ಎಂದರೆ ಸ್ವಭಾವಕ್ಕೇ ತೀರ್ಪು ಕೊಟ್ಟಂತೆ. ‘ಅವನೊಂದು ಎಮ್ಮೆ’ ಎಂದಾಗ ಮನುಷ್ಯ ಹೋಗಿ ಎಮ್ಮೆಯಷ್ಟೇ ಉಳಿಯಿತು. ಅಂತೆ, ಅಂಥ, ರೂಪಕ ಎಂಬ ಈ ಮೂರು ಮೆಟ್ಟಿಲುಗಳನ್ನು ನಾನು ವರ್ಷವರ್ಷವೂ ಕಲಿಸಿದೆ. ಆದರೂ ಒಮ್ಮೆ ಎಡವಿದೆ.

ಭಟ್ಕಳ ಕಡೆಯ ಮೀನುಗಾರ ಕೇರಿಯಿಂದ ಬರುತ್ತಿದ್ದ ವಿದ್ಯಾರ್ಥಿನಿಯೊಬ್ಬಳು ಪ್ರಬಂಧದಲ್ಲಿ ‘ನನ್ನ ಅಜ್ಜಿ ಕೋಳಿಯಂಥವಳು’ ಎಂದು ಬರೆದಿದ್ದಳು. ಕೆಂಪು ಶಾಯಿಯಲ್ಲಿ ಗೆರೆ ಎಳೆದು ಪಕ್ಕದಲ್ಲಿ ‘ಅನುಚಿತ ಉಪಮೆ’ ಎಂದು ಗೀಚಿ ಎರಡು ಅಂಕ ಕಳೆದೆ. ಹುಡುಗಿ ಮರುದಿನ ಹಾಳೆ ಹಿಡಿದು ಬಂದಳು. “ಸರ್, ಕೋಳಿ ಮರಿಗಳನ್ನ ರೆಕ್ಕೆ ಅಡಿ ಇಟ್ಕೊಂಡು ಮಳೆಗೆ ತಾನು ನೆನಿತದಲ್ಲ, ಹಾಗೆ.” ಸೋರುವ ಮನೆಯಲ್ಲಿ ಆರು ಮೊಮ್ಮಕ್ಕಳನ್ನು ಸೆರಗಿನಡಿ ಕೂರಿಸಿಕೊಂಡು ರಾತ್ರಿ ಕಳೆದ ಮುದುಕಿ ಆಕೆ. ಹಂಸವನ್ನು ಕಾಣದೆಯೇ ‘ಹಂಸಗಮನೆ’ಗೆ ಅಂಕ ಕೊಟ್ಟವನು ಕೋಳಿಯನ್ನು ದಿನವೂ ಕಂಡು ಬರೆದವಳಿಗೆ ಅಂಕ ಕಳೆದಿದ್ದೆ. ಎರಡು ಅಂಕಗಳನ್ನು ಮರಳಿಸಿದೆ, ಶಾಯಿಯನ್ನು ಅಳಿಸಲಾಗಲಿಲ್ಲ.

ಹಾಗಾದರೆ ‘ಮೃಗೀಯ’ದ ಜಾಗದಲ್ಲಿ ಏನು ಬರೆಯಬೇಕು? ‘ರಾಕ್ಷಸೀ’ ಎನ್ನಬಹುದು, ‘ಪೈಶಾಚಿಕ’ ಎನ್ನಬಹುದು. ರಾಕ್ಷಸರಿಗೂ ಪಿಶಾಚಿಗಳಿಗೂ ಪರವಾಗಿ ವಾದಿಸಲು ಯಾರೂ ಬರಲಾರರು. ‘ಅಮಾನುಷ’ ಎಂಬುದು ಗಂಭೀರವಾದ ಮಾತು, ಆದರೆ ಅದೂ ‘ಇದು ಮನುಷ್ಯರ ಕೆಲಸವಲ್ಲ’ ಎಂದು ನಮ್ಮನ್ನು ಬಿಡಿಸಿಕೊಳ್ಳುತ್ತದೆ. ‘ಕ್ರೂರ’ ಎಂಬ ಎರಡಕ್ಷರದ ಮಾತು ನನಗೆ ಸಾಕೆನಿಸುತ್ತದೆ. ಅದು ಯಾರ ಕಡೆಗೂ ಬೆರಳು ತಿರುಗಿಸದೆ, ಮಾಡಿದವನ ಮುಂದೆಯೇ ನಿಲ್ಲುತ್ತದೆ.

ಕಳೆದ ಮಳೆಗಾಲದಲ್ಲಿ ಹಳೆಯ ವಿದ್ಯಾರ್ಥಿಯೊಬ್ಬ ಫೋನು ಮಾಡಿದ. ಪತ್ರಿಕೆಯೊಂದರಲ್ಲಿ ಉಪಸಂಪಾದಕ. “ಸರ್, ‘ವೃದ್ಧನ ಮೇಲೆ ಮೃಗೀಯ ಹಲ್ಲೆ’ ಎಂದು ತಲೆಬರಹ ಮಾಡಿದ್ದೇನೆ. ನಿಮ್ಮ ತರಗತಿ ನೆನಪಾಯಿತು. ಬೇರೆ ಶಬ್ದ ಕೊಡಿ” ಎಂದ. ವಿಶೇಷಣವೇ ಬೇಡ, ಹೊಡೆದವರು ಎಷ್ಟು ಜನ, ಯಾವುದರಿಂದ ಹೊಡೆದರು, ಅಷ್ಟನ್ನು ಹಾಕು ಎಂದೆ. “ಜಾಗ ಸಾಲುವುದಿಲ್ಲ ಸರ್” ಎಂದು ನಕ್ಕ. ಮರುದಿನ ಪತ್ರಿಕೆ ತರಿಸಿ ನೋಡಿದೆ. ತಲೆಬರಹದಲ್ಲಿ ‘ವೃದ್ಧನ ಮೇಲೆ ಐವರಿಂದ ಹಲ್ಲೆ’ ಎಂದಿತ್ತು. ಒಳಗಡೆ ಮೂರನೆಯ ಸಾಲಿನಲ್ಲಿ ‘ಮೃಗೀಯವಾಗಿ’ ಹಾಗೆಯೇ ಉಳಿದಿತ್ತು.