ಹೆಣದ ಮುಂದೆ ನಗೆ

ಕರಾಳ ಹಾಸ್ಯವೆಂದೊಡನೆ ನಮ್ಮಲ್ಲಿ ಅನೇಕರು ಪಶ್ಚಿಮದ ಕಡೆಗೆ ಮುಖ ಮಾಡುತ್ತಾರೆ. ಸಾವಿನ ಮನೆಯಲ್ಲಿ ವಡೆಯ ಲೆಕ್ಕಕ್ಕಾಗಿ ದಾಯಾದಿಗಳು ಕಾದಾಡುವುದನ್ನು ಬಾಲ್ಯದಲ್ಲೇ ಕಂಡ ನನಗೆ ಈ ರಸ ಪರದೇಶದ್ದೆಂದು ಎಂದೂ ಅನ್ನಿಸಿಲ್ಲ.

ಕುಂದನ್ ಶಾ ಅವರ 1983ರ ಹಿಂದಿ ಚಿತ್ರ ‘ಜಾನೆ ಭಿ ದೋ ಯಾರೋ’ವನ್ನು ಬಲ್ಲವರು ಬಹಳ. ಅದರಲ್ಲಿ ಕೊಲೆಯಾದ ಕಮಿಷನರನ ಹೆಣ ನಾಟಕದ ರಂಗವೇರಿ ದ್ರೌಪದಿಯಾಗುತ್ತದೆ, ವಸ್ತ್ರಾಪಹರಣವೇ ರದ್ದಾಗುತ್ತದೆ. ನಕ್ಕು ಸುಸ್ತಾದ ಪ್ರೇಕ್ಷಕನಿಗೆ ಕೊನೆಯಲ್ಲಿ ಕಾಣುವುದು ಕೈದಿಗಳ ಉಡುಪಿನಲ್ಲಿರುವ ಇಬ್ಬರು ನಿರಪರಾಧಿಗಳು. (ನಮ್ಮ 1970ರ ‘ಸಂಸ್ಕಾರ’ದಲ್ಲಿಯೂ ಹೆಣವೊಂದು ಕಾಯುತ್ತದೆ; ಆದರೆ ಅಲ್ಲಿ ನಗುವ ಧೈರ್ಯ ಯಾರಿಗಿತ್ತು?)

ಆ ಧೈರ್ಯ ಕನ್ನಡಕ್ಕೆ ಬಂದದ್ದು ‘ತಿಥಿ’ಯಲ್ಲಿ ಎಂಬುದು ನನ್ನ ಅಭಿಮತ. ರಾಮ್ ರೆಡ್ಡಿ ನಿರ್ದೇಶಿಸಿ, ಈರೇಗೌಡರೊಡಗೂಡಿ ಬರೆದ ಈ ಚಿತ್ರ 2015ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆಯಿತು. ಪಾತ್ರಧಾರಿಗಳು ಮಂಡ್ಯ ಜಿಲ್ಲೆಯ ನೊದೆಕೊಪ್ಪಲಿನ ಆಸುಪಾಸಿನ ಹಳ್ಳಿಗರು; ಬಣ್ಣ ಹಚ್ಚಿದವರಲ್ಲ. ಹೋಗಿಬರುವವರನ್ನೆಲ್ಲ ಬೈಯುತ್ತ ಕುಳಿತಿದ್ದ 101 ವರ್ಷದ ಸೆಂಚುರಿ ಗೌಡ ಎದ್ದು ನಾಲ್ಕು ಹೆಜ್ಜೆ ನಡೆದು ಕುಸಿದು ಸಾಯುತ್ತಾನೆ. ಮಗ ಗಡ್ಡಪ್ಪನಿಗೆ ಅಪ್ಪನ ಸಾವೂ ಅಷ್ಟೆ, ಜಮೀನೂ ಅಷ್ಟೆ; ಬ್ರಾಂದಿ ಸೀಸೆಯೊಡನೆ ಅಲೆಯುವುದೇ ಅವನ ಸಂಸಾರ. ಆದರೆ ಮೊಮ್ಮಗ ತಮ್ಮಣ್ಣನಿಗೆ ಜಮೀನು ಮಾರುವ ಆತುರ. ದಾರಿಗೆ ಅಡ್ಡವಾಗಿರುವ ಗಡ್ಡಪ್ಪನನ್ನು ದೂರ ಸಾಗಹಾಕಿ, ಬದುಕಿರುವ ತಂದೆಗೇ ಮರಣಪತ್ರ ಮಾಡಿಸುತ್ತಾನೆ. ಮರಿಮಗ ಅಭಿ ಕುರಿಗಾಹಿ ಹುಡುಗಿಯ ಬೆನ್ನು ಹತ್ತಿದ್ದಾನೆ. ಹನ್ನೊಂದನೆಯ ದಿನದ ಬಾಡೂಟ ಮಾತ್ರ ಊರಿಗೆಲ್ಲ ಆಗಲೇಬೇಕು.

ತಮ್ಮಣ್ಣನನ್ನು ನೋಡಿ ನಾವೆಲ್ಲ ನಕ್ಕೆವು. ಆದರೆ ಬಂಧುಗಳೇ, ಇಂಥ ಸಮ್ಮೇಳನಗಳ ಊಟದ ಸಾಲಿನಲ್ಲಿ ನಿಂತು ಕಿವಿಗೊಟ್ಟು ನೋಡಿ: “ತಂದೆಯವರ ಕಾರ್ಯ ಮುಗಿಯಿತೇ?” ಎಂಬ ಪ್ರಶ್ನೆಯ ಬೆನ್ನಿಗೇ “ಪಹಣಿ ಯಾರ ಹೆಸರಿನಲ್ಲಿದೆ?” ಎಂಬ ಪ್ರಶ್ನೆಯೂ ಬರುತ್ತದೆ. ರಜೆ ಸಿಗದೆ ಫೋನಿನಲ್ಲಿಯೇ ಮಂತ್ರ ಕೇಳಿಸಿಕೊಂಡವರು ಪವರ್ ಆಫ್ ಅಟಾರ್ನಿಗೆ ಸಹಿ ಹಾಕಲು ಹೇಗೋ ರಜೆ ಹೊಂದಿಸಿಕೊಂಡಿದ್ದಾರೆ. ಇದನ್ನು ನಿಂದೆಯೆಂದು ಭಾವಿಸಬೇಡಿ. ತಮ್ಮಣ್ಣನೂ ದುಷ್ಟನಲ್ಲ, ಅವನ ಅವಸರಕ್ಕೆ ಅವನದೇ ಕಾರಣಗಳಿವೆ. ಚಿತ್ರ ಅವನನ್ನು ಶಿಕ್ಷಿಸಲು ಹೊರಡದಿರುವುದೇ ನನಗೆ ಹೆಚ್ಚು ಮೆಚ್ಚುಗೆಯಾದ ಸಂಗತಿ.

ನೆರೆಯ ಮಲಯಾಳದಲ್ಲಿ ಲಿಜೋ ಜೋಸ್ ಪೆಲ್ಲಿಸ್ಸೇರಿ ಅವರ ‘ಈ.ಮ.ಯೌ’ 2018ರಲ್ಲಿ ತೆರೆಕಂಡಿತು. ಕಡಲ ತೀರದ ಬಡ ಕ್ರೈಸ್ತ ಮನೆ. ತಂದೆಗೆ ವೈಭವದ ಅಂತ್ಯಯಾತ್ರೆ ಮಾಡಿಸುವೆನೆಂದು ಮಾತು ಕೊಟ್ಟ ಮಗ. ಅದೇ ರಾತ್ರಿ ತಂದೆ ತೀರಿಕೊಳ್ಳುತ್ತಾನೆ. ಸಾಲ, ಶವಪೆಟ್ಟಿಗೆ, ಮಳೆ, ಪಾದ್ರಿಯ ಸಂಶಯ—ಒಂದೊಂದೂ ಕೈಕೊಡುತ್ತ ಹೋಗಿ, ಕಡೆಗೆ ಮಗ ತಾನೇ ಮನೆಯ ಪಕ್ಕದಲ್ಲಿ ಗುಂಡಿ ತೋಡುತ್ತಾನೆ. ನನ್ನ ನಗು ಯಾವ ಗಳಿಗೆಯಲ್ಲಿ ನಿಂತುಹೋಯಿತೆಂಬುದು ಎರಡನೆಯ ಬಾರಿ ನೋಡಿದಾಗಲೂ ಗೊತ್ತಾಗಲಿಲ್ಲ.